ಯಕಾರದ ಮನೆ

ಕೋಡಿಬಾಗದ ತಿರುವಿನಲ್ಲಿ, ಐಸ್ ಕಾರ್ಖಾನೆಯ ಗೋಡೆಗೆ ಒರಗಿ
ನಮ್ಮ ಛಾಪಖಾನೆ. ಟ್ರೆಡಲ್ ಒಂದು, ಕೇಸುಗಳು ಆರು,
ಮೊಳೆ ಜೋಡಿಸುವವರು ಇಬ್ಬರು: ನಾನು, ಇನಾಸ.
ಲಗ್ನಪತ್ರಿಕೆ, ಮೀನು ಹರಾಜಿನ ಪಾವತಿ ಪುಸ್ತಕ,
ನಾಟಕದ ಕರಪತ್ರ, ಲಾಂಚಿನ ಟಿಕೀಟು.
ಹೆಚ್ಚೇನು ಬೇಕು ಕಾರವಾರಕ್ಕೆ?

ಹಳದನಕರ ಮಾಸ್ತರರು ಬಂದದ್ದು ಶ್ರಾವಣದ ಒಂದು ಮಧ್ಯಾಹ್ನ.
ಒಳ್ಳೆಯ ಮನುಷ್ಯ. ನನಗೆ ಗುಣಾಕಾರ ಕಲಿಸಿದವರು,
ತಪ್ಪಿದರೂ ಹೊಡೆಯದವರು.
ಚೀಲದಿಂದ ತೆಗೆದರು ಎಂಟು ಪುಟ,
ಮುಂಬಯಿಯ ರದ್ದಿ ಅಂಗಡಿಯಲ್ಲಿ ಸಿಕ್ಕ ಪುಸ್ತಕದಿಂದ
ಕನ್ನಡಕ್ಕೆ ತಂದದ್ದು. ದುಂಡಗಿನ ಅಕ್ಷರ,
ಒಂದೂ ಕಾಟು ಹೊಡೆದಿಲ್ಲ.

ಕೊನೆಯ ಯುದ್ಧ ಬರುತ್ತದೆ, ಕಾರ್ತಿಕ ಅಮಾವಾಸ್ಯೆಯೊಳಗೆ.
ರಕ್ತದಲ್ಲಿ ಮಿಂದ ಮೇಲೆ ಭೂಮಿ ಬೆಳ್ಳಗಾಗುತ್ತದೆ.
ಆಮೇಲೆ ಸಾವಿರ ವರ್ಷ ಒಬ್ಬನೇ ನಾಯಕ, ಒಂದೇ ಮಾತು,
ಬೀಗವಿಲ್ಲದ ಮನೆ, ಜಗಳವಿಲ್ಲದ ಸಂತೆ.
ತಡೆದು ನಿಂತವನು ಒಬ್ಬನೇ, ಯಹೂದಿ.
ಬರಗಾಲ ಅವನದು, ಬ್ಯಾಂಕು ಅವನದು,
ಬ್ಯಾಂಕು ಸುಡುವವನೂ ಅವನೇ.
ಎದುರುಬದುರು ನಿಂತ ಎರಡೂ ಸೇನೆಗೆ
ಬೆನ್ನ ಹಿಂದೆ ಅವನದೇ ಕೈ.

ಮೂರನೇ ದಿನ ಇನಾಸ ಕೂಗಿದ: 'ಯ' ಖಾಲಿ!
ಯುದ್ಧ, ಯುಗ, ಯಹೂದಿ, ಯಹೂದಿ, ಯಹೂದಿ.
ಆ ಮನೆಯ ತಳದ ಹಲಗೆ ಕಾಣುತ್ತಿತ್ತು.
'ಯಾಕೆ ತಡವಾಯ್ತು, ಯಮುನೆ?' ಜೋಡಿಸಲಾಗದೆ
ನಾಟಕದವರು ಹೆಸರೇ ಬದಲಿಸಿಕೊಂಡರು.
ಯಾರು ಇಲ್ಲ, ಯಾಕೆ ಇಲ್ಲ, ಯಾವಾಗ ಇಲ್ಲ.
ಕೇಳುವ ಅರ್ಧ ಮಾತಿಗೆ ಬೇಕಾದ ಮೊದಲ ಮೊಳೆ
ಉತ್ತರದಲ್ಲಿ ಸಿಕ್ಕಿಕೊಂಡಿತ್ತು.

ನೀ ನೋಡಿದ್ದೀಯಾ ಅಂಥವರನ್ನು? ಇನಾಸ ಕೇಳಿದ.
ಅವನ ಇಗರ್ಜಿಯ ಪುಸ್ತಕದಲ್ಲಿ ತುಂಬ ಇದ್ದಾರಂತೆ, ಬೀದಿಯಲ್ಲಿಲ್ಲ.
ರಾತ್ರಿ ಆಯಿ ಬಂಗಡೆ ಕೊಯ್ಯುತ್ತಲೇ ಅಂದಳು:
ಒಬ್ಬ ಇದ್ದ, ಮುಂಬಯಿ ಸರಕಾರದ ಕಾಲದಲ್ಲಿ,
ಧಕ್ಕೆ ರಿಪೇರಿಗೆ ಬಂದ ಓವರ್ಸಿಯರ, ಪೇಣಕರ ಅಂತ.
ಮರಾಠಿ ಮಾತು. ಶನಿವಾರ ಒಲೆ ಹಚ್ಚುತ್ತಿರಲಿಲ್ಲ.
ಶೆಟ್ಲಿ ಮುಟ್ಟುತ್ತಿರಲಿಲ್ಲ. ಮೀನಿಗೆ ಹುರುಪೆ ಇದೆಯೋ ಎಂದು
ಉಗುರಲ್ಲಿ ಕೆರೆದು ನೋಡಿಯೇ ಕೊಳ್ಳುತ್ತಿದ್ದ.
ನಾಲ್ಕಾಣೆಯಿಂದ ಚೌಕಾಸಿ ಸುರು ಮಾಡಿ
ನನ್ನತ್ತೆಯ ಬಾಯಿಗೆ ಹೆದರಿ ಆರಾಣೆ ಕೊಟ್ಟು ಹೋಗುತ್ತಿದ್ದ.
ಅವನು ಲೋಕ ನುಂಗುವವನೇ?
ಮುಳ್ಳು ಸಿಕ್ಕಿದರೆ ಊರೆಲ್ಲ ಕೇಳುವಂತೆ ಕೆಮ್ಮುತ್ತಿದ್ದ.

ನಾವು ಅಚ್ಚು ಹಾಕಿದೆವು, ಐನೂರು ಪ್ರತಿ.
ಸುಳ್ಳೇಕೆ, ನನಗೂ ಹಿಡಿಸಿತ್ತು
ಲೆಕ್ಕ ಹಾಗೆ ಒಂದೇ ಸಾಲಿನಲ್ಲಿ ಬಿಡಿಸುವುದು.
ಅಪ್ಪನ ದೋಣಿ ಮಗುಚಿದ ಸಂಜೆಗೂ
ಒಬ್ಬ ಧಣಿ ಸಿಕ್ಕ ಹಾಗೆ.

ಅಮಾವಾಸ್ಯೆ ಬಂತು. ಕಾಳಿ ನದಿ ಭರತಿಗೆ ಏರಿತು,
ಇಳಿತಕ್ಕೆ ಇಳಿಯಿತು. ದೋಣಿಗಳು ತಾರಲೆ ತಂದವು,
ದರ ಬಿತ್ತು.

ಮಾಸ್ತರರು ಮತ್ತೆ ಬಂದರು. ನಾಚಿಕೆಯಿಲ್ಲ,
ಕಣ್ಣಲ್ಲಿ ಇನ್ನೂ ಹೆಚ್ಚು ಬೆಳಕು.
ಬಿಚ್ಚಬೇಡಿ ಎಂದು ಮುಂಗಡ ಕೊಟ್ಟ ಮ್ಯಾಟರು
ನೂಲು ಸುತ್ತಿಕೊಂಡು ಮೇಜಿನಡಿ ಹಾಗೇ ಇತ್ತು.
ತಾರೀಖು ಮಾತ್ರ ತಿದ್ದಿ, ಬರುವ ಶಿವರಾತ್ರಿ.
ಇನ್ನೊಂದು. ಯಹೂದಿ ಅಂದರೆ ಇಲ್ಲಿಯವರಿಗೆ ತಿಳಿಯುತ್ತಿಲ್ಲ.
ಆ ಜಾಗಕ್ಕೆ ಇದನ್ನು ಹಾಕಿ.
ಚೀಟಿ ಕೊಟ್ಟರು.

ಮೂರಕ್ಷರ. ಅದೇ ಅಗಲ.
ಸಾಲು ಅಲುಗಬೇಕಾಗಿಲ್ಲ, ಸ್ಪೇಸು ತೆಗೆಯಬೇಕಾಗಿಲ್ಲ,
ಕಟ್ಟಿಸಿದ ಹಲ್ಲಿನಂತೆ ಕೂತುಬಿಡುತ್ತಿತ್ತು.
ಆ ಮೂರಕ್ಷರದ ಮನೆಗಳು ಐಸ್ ಕಾರ್ಖಾನೆಯ ಹಿಂದೆ,
ಹನ್ನೊಂದು. ಅಲ್ಲಿಯ ಹುಡುಗನೇ ನಮಗೆ ಚಹಾ ತರುವವನು.

ಆ ರಾತ್ರಿ ಇನಾಸನ ಕೈಯಿಂದ ಗ್ಯಾಲಿ ಜಾರಿತು.
ಮೂವತ್ತು ವರ್ಷ ಜಾರದ ಕೈ.
ಒಂದಲ್ಲ, ನಾಲ್ಕೂ ಗ್ಯಾಲಿ, ಒಂದರ ಹಿಂದೊಂದು.
ಕಂದೀಲು ಹಿಡಿದು ಬೆಳಗಿನ ತನಕ ಹೆಕ್ಕಿದೆವು,
ಸೀಮೆಎಣ್ಣೆಯಲ್ಲಿ ತೊಳೆದು ಅವರವರ ಮನೆಗೆ ಬಿಟ್ಟೆವು.
ಮಾತಾಡಲಿಲ್ಲ.

ಮಾಸ್ತರರು ಹುಬ್ಬಳ್ಳಿಗೆ ಹೋದರಂತೆ. ಅಲ್ಲಿ ಎರಡು ಬಣ್ಣದಲ್ಲಿ,
ಎರಡು ಸಾವಿರ ಪ್ರತಿ, ನಮ್ಮದಕ್ಕಿಂತ ಚೆಂದ.
ಶಿವರಾತ್ರಿಗೆ ಮೊದಲೇ ಚಹಾದ ಹುಡುಗ ಬರುವುದು ಬಿಟ್ಟ.
ಯಾಕೆ ಎಂದು ನಾನು ಕೇಳಲಿಲ್ಲ.
ಮೊಳೆಗಳಿದ್ದವು,
ಮನೆ ತುಂಬ.